ಗುಲಾಬಿ ಇಳಿಜಾರು ಇಳಿಯದ ವರ್ಷ

ಕಳೆದ ತಿಂಗಳು ಮನೆಯ ಕಿಟಕಿಗಳಿಗೆ ಬಣ್ಣ ಹೊಡೆಸಿದೆ. ಬಣ್ಣದವನು ನಡುಮನೆಯಲ್ಲಿ ಹಳೆಯ ಪತ್ರಿಕೆ ಹಾಸಿಕೊಂಡು, ಟರ್ಪೆಂಟೈನ್ ಡಬ್ಬಿಯ ಮುಚ್ಚಳ ತೆಗೆದು, ಅಗಸೆ ಎಣ್ಣೆಯ ಜೊತೆ ಕಲಸತೊಡಗಿದ. ಪಕ್ಕದ ಕೋಣೆಯಲ್ಲಿ ಓದುತ್ತಿದ್ದ ನಾನು ಎದ್ದು ಬಂದು ಅವನೆದುರು ನಿಂತೆ. ವಾಸನೆ ತಲೆಗೆ ಹತ್ತುತ್ತದೆ, ಹೊರಗೆ ಕೂತುಕೊಳ್ಳಿ ಎಂದು ಅವನು ಎರಡು ಸಲ ಹೇಳಿದ. ನಾನು ಅಲ್ಲೇ ಕುರ್ಚಿ ಎಳೆದುಕೊಂಡು ಕೂತೆ. ಈ ಮನೆಯಲ್ಲಿ ಈಗ ನಾನೊಬ್ಬನೇ. ಎಲ್ಲಿ ಕೂತರೂ ಯಾಕೆಂದು ಕೇಳುವವರಿಲ್ಲ.

ಅಗಸೆ ಎಣ್ಣೆ ಮತ್ತು ಟರ್ಪೆಂಟೈನ್ ನಮ್ಮ ಕಾಲದ ದನದ ಡಾಕ್ಟರಿಗೆ ಹೊಟ್ಟೆ ಉಬ್ಬರದ ಔಷಧಿ. ಬಿದಿರಿನ ಗೊಟ್ಟದಲ್ಲಿ ತುಂಬಿ, ಹಸುವಿನ ತಲೆಯನ್ನು ಎತ್ತಿ ಹಿಡಿದು, ಬಾಯಿಯ ಪಕ್ಕದಿಂದ ಮೆಲ್ಲಗೆ ಇಳಿಸಬೇಕು. ಅರ್ಧ ಹಸುವಿನ ಹೊಟ್ಟೆಗೆ ಹೋದರೆ ಅರ್ಧ ಡಾಕ್ಟರ ಅಂಗಿಗೆ. ಆ ಅಂಗಿಯನ್ನು ಎಷ್ಟು ಒಗೆದರೂ ವಾಸನೆ ಬಿಡುತ್ತಿರಲಿಲ್ಲ. ಭದ್ರಾವತಿಯಲ್ಲಿದ್ದ ಒಂದು ಚಳಿಗಾಲದಲ್ಲಿ ಒಂದೇ ಹಸುವಿಗೆ ಈ ಔಷಧಿಯನ್ನು ನಾನು ನಾಲ್ಕು ಸಲ ಕುಡಿಸಿದ್ದೆ. ಆ ಹಸುವಿನ ಹೆಸರು ಗುಲಾಬಿ.

ಅರವತ್ತರ ದಶಕದ ಮೊದಲ ವರ್ಷಗಳು. ನನಗೆ ಇಪ್ಪತ್ತಾರು. ಬೆಂಗಳೂರಿನಲ್ಲಿ ಓದು ಮುಗಿಸಿ, ಮೈಸೂರು ಸೀಮೆಯಲ್ಲಿ ಎರಡು ವರ್ಷ ಸುತ್ತಾಡಿ, ಭದ್ರಾವತಿಗೆ ವರ್ಗ ಮಾಡಿಸಿಕೊಂಡು ಬಂದಿದ್ದೆ. ಕೇಳಿ ಪಡೆದ ವರ್ಗ ಅದು. ಹೆಂಡತಿ ಶಾರದೆಯ ತವರು ಶಿವಮೊಗ್ಗದ ದುರ್ಗಿಗುಡಿಯಲ್ಲಿತ್ತು. ಚೊಚ್ಚಲ ಹೆರಿಗೆಗೆ ಅವಳು ಅಲ್ಲಿಗೆ ಹೋಗಿದ್ದಳು. ಹತ್ತಿರ ಇರೋಣ, ಮಗು ಹುಟ್ಟಿದ ಮೇಲೆ ಇಬ್ಬರನ್ನೂ ಕರೆದುಕೊಂಡು ಬಂದು ಸಂಸಾರ ಹೂಡೋಣ ಎಂದು ಲೆಕ್ಕ ಹಾಕಿದ್ದೆ. ಹಳೇ ಊರಿನ ಕಡೆ ಬಾಡಿಗೆಗೆ ಮನೆ ಹಿಡಿದು, ಒಂದು ತೊಟ್ಟಿಲಿಗೂ ಹೇಳಿಟ್ಟಿದ್ದೆ. ನಾನು ಚಾರ್ಜು ತೆಗೆದುಕೊಂಡ ವಾರದಲ್ಲೇ ಹೆರಿಗೆಯಾಯಿತು. ಮಗುವಿಗೆ ಉಸಿರಿರಲಿಲ್ಲ.

ಭದ್ರಾವತಿಯಿಂದ ಶಿವಮೊಗ್ಗಕ್ಕೆ ರೈಲಿನಲ್ಲಿ ಎಷ್ಟು ಹೊತ್ತು, ಒಂದು ನಿದ್ದೆಯೂ ಆಗುವುದಿಲ್ಲ. ಪ್ರತಿ ಭಾನುವಾರ ಹೋಗುತ್ತಿದ್ದೆ. ಸ್ಟೇಷನ್ನಿನ ಹೊರಗೆ ಒಂದೇ ಜಟಕಾ ಹತ್ತುತ್ತಿದ್ದೆನಾದ್ದರಿಂದ ಮೂರನೆಯ ವಾರದ ಹೊತ್ತಿಗೆ ಕುದುರೆ ಯಾರೂ ಹೇಳದೆ ಮಾವನ ಮನೆಯೆದುರು ನಿಲ್ಲುತ್ತಿತ್ತು. ಕುದುರೆಗಿದ್ದ ಸಲಿಗೆ ನನಗಿರಲಿಲ್ಲ. ಬಾಣಂತಿ ಕೋಣೆಗೆ ಅಳಿಯ ಹೋಗುವಂತಿರಲಿಲ್ಲ. ಮಗು ಇಲ್ಲದಿದ್ದರೂ ಅವಳು ಬಾಣಂತಿಯೇ. ಮಾವ ನಿವೃತ್ತ ಮೇಷ್ಟರು, ಜಗಲಿಯ ಮೇಲೆ ನನ್ನೆದುರು ಕೂತು ಪತ್ರಿಕೆಯ ಹಿಂದೆ ಮುಖ ಮುಚ್ಚಿಕೊಳ್ಳುತ್ತಿದ್ದರು. ಅತ್ತೆ ಕಾಫಿ ತಂದಿಡುತ್ತ ಶಾರದೆಯ ಸುದ್ದಿಯನ್ನು ಮೆಲುದನಿಯಲ್ಲಿ ಹೇಳುತ್ತಿದ್ದರು. ಊಟ ಸೇರುವುದಿಲ್ಲ, ಗೋಡೆಗೆ ಮುಖ ಮಾಡಿ ಮುದುಡಿ ಮಲಗುತ್ತಾಳೆ, ಮಾತಿಲ್ಲ, ಎದ್ದರೆ ಬಾಗಿಯೇ ನಡೆಯುತ್ತಾಳೆ. ಹೊಟ್ಟೆಯ ಸಂಕಟ, ಹೋದ ಮಗುವಿನ ಸಂಕಟ, ಎಂದು ಅತ್ತೆ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ನಾನು ಲೋಟ ಕೆಳಗಿಟ್ಟು ತಲೆಯಾಡಿಸುತ್ತಿದ್ದೆ. ಸಂಜೆಯ ಗಾಡಿಗೆ ವಾಪಸು. ಬಾಗಿಲ ಸಂದಿಯಿಂದ ಅವಳ ಪಾದ ಒಂದು ಸಲ ಕಂಡಿತ್ತು, ಅಷ್ಟೇ.

ಆ ದಿನಗಳಷ್ಟು ಒಂಟಿಯಾಗಿ ನಾನು ಮತ್ತೆಂದೂ ಇರಲಿಲ್ಲ ಎಂದು ಬಹಳ ಕಾಲ ಅಂದುಕೊಂಡಿದ್ದೆ. ತೊಟ್ಟಿಲು ಬೇಡವೆಂದು ಬಡಗಿಗೆ ಹೇಳುವ ಧೈರ್ಯವಾಗದೆ ಅವನ ಅಂಗಡಿಯಿರುವ ಬೀದಿಯನ್ನೇ ಬಿಟ್ಟಿದ್ದೆ. ಬೆಳಿಗ್ಗೆ ಕಬ್ಬಿಣದ ಕಾರ್ಖಾನೆಯ ಕೂಗು ಕೂಗಿದರೆ ಸಾವಿರಾರು ಜನ ಊಟದ ಡಬ್ಬಿ ಹಿಡಿದು ಸೈಕಲ್ ತುಳಿಯುತ್ತ ಹೋಗುತ್ತಿದ್ದರು. ತಮಿಳು, ತೆಲುಗು, ಕನ್ನಡ, ಉರ್ದು ಎಲ್ಲ ಒಟ್ಟಿಗೆ ಉರುಳುವ ಸದ್ದು. ಆ ಗುಂಪಿಗೆ ಎದುರಾಗಿ ನಾನೊಬ್ಬ ಸೈಕಲ್ಲಿನಲ್ಲಿ ಆಸ್ಪತ್ರೆಗೆ ಹೋಗುತ್ತಿದ್ದೆ. ಅವರಲ್ಲಿ ಒಬ್ಬನಿಗೂ ನನ್ನ ಹೆಸರು ಗೊತ್ತಿರಲಿಲ್ಲ.

ಹೆಸರು ಗೊತ್ತಾದದ್ದು ಒಂದು ಎಮ್ಮೆಯಿಂದ. ಕಾರ್ಖಾನೆಯವರ ಸಾಲುಮನೆಗಳಿದ್ದ ನ್ಯೂ ಟೌನಿನ ಒಬ್ಬ ಮೇಸ್ತ್ರಿಯ ಎಮ್ಮೆ ಇದ್ದಕ್ಕಿದ್ದಂತೆ ಹಾಲು ಬಿಡುವುದನ್ನು ನಿಲ್ಲಿಸಿತ್ತು. ಮೇಸ್ತ್ರಿ ಮಂತ್ರ ಹಾಕಿಸಿದ್ದ, ಕಷಾಯ ಕುಡಿಸಿದ್ದ, ಪಕ್ಕದ ಮನೆಯವಳ ಕಣ್ಣು ಬಿದ್ದಿದೆ ಎಂದು ಜಗಳವನ್ನೂ ಆಡಿ ಮುಗಿಸಿದ್ದ. ನಾನು ಹೋಗಿ ಕೆಚ್ಚಲು ಮುಟ್ಟಿ ನೋಡಿದೆ, ಏನೂ ಇಲ್ಲ. ವಿಚಾರಿಸಿದರೆ, ದಿನಾ ಹಾಲು ಕರೆಯುತ್ತಿದ್ದ ಹೆಂಡತಿ ಸೇಲಂ ಕಡೆಗೆ ತವರಿಗೆ ಹೋಗಿ ವಾರವಾಗಿದೆ. ಅವಳದೊಂದು ಹಳೆ ಸೀರೆ ತರಿಸಿ, ದಪ್ಪ ಮೀಸೆಯ ಮೇಸ್ತ್ರಿಯ ತಲೆಗೂ ಹೆಗಲಿಗೂ ಹೊದಿಸಿ, ಕರೆಯಲು ಕೂರಿಸಿದೆ. ಎಮ್ಮೆ ಒಂದು ಸಲ ಮೂಸಿ ಹಾಲು ಬಿಟ್ಟಿತು. ಸಾಲುಮನೆಗಳವರೆಲ್ಲ ಬೇಲಿಗೆ ಬಂದು ನಿಂತು ನಕ್ಕರು. ಮೇಸ್ತ್ರಿಯೂ ನಕ್ಕ, ಆದರೆ ಹೆಂಡತಿ ಬರುವ ತನಕ ಕತ್ತಲಿರುವಾಗಲೇ ಹಾಲು ಕರೆದು ಮುಗಿಸುತ್ತಿದ್ದನಂತೆ.

ಅಂದಿನಿಂದ ನಾನು ದನದ ಮನಸ್ಸು ಓದುವ ಡಾಕ್ಟರಾದೆ. ಕಾಗದ ಕಾರ್ಖಾನೆಯವರ ಕಾಗದನಗರದಿಂದಲೂ ಕರೆಯಲು ಬಂದರು. ನಮ್ಮ ಕಾಂಪೌಂಡರ್ ರುದ್ರಪ್ಪ ಬಂದವರಿಗೆಲ್ಲ ಈ ಸೀರೆ ಪುರಾಣ ಹೇಳಿ ಹೇಳಿ ಅದಕ್ಕೊಂದು ಕುಪ್ಪಸವನ್ನೂ ಸೇರಿಸಿದ. ನನಗೆ ನಿಜವಾಗಿಯೂ ಕೋಡು ಬಂತು. ಪಶುವಿನ ನಡತೆಯಲ್ಲೇ ಅರ್ಧ ರೋಗ ಇರುತ್ತದೆ ಎಂದು ನಮ್ಮ ಕಾಲೇಜಿನ ಮೇಷ್ಟರು ಹೇಳುತ್ತಿದ್ದರು. ನಾನು ಪೂರ್ತಿ ರೋಗವೇ ಅಲ್ಲಿರುತ್ತದೆ ಎಂದುಕೊಂಡೆ.

ಜೈನಾಬಿ ಬಂದದ್ದು ಸಂಕ್ರಾಂತಿ ಕಳೆದ ಮೇಲೆ. ನ್ಯೂ ಟೌನಿನ ಅಂಚಿನಲ್ಲಿ, ಭದ್ರಾ ಕಾಲುವೆಯ ಏರಿಯ ಮೇಲಿದ್ದ ಸಾಲಿನಲ್ಲಿ ಅವಳ ಮನೆ. ನಲವತ್ತೈದು ದಾಟಿದ ಹೆಂಗಸು. ಗಂಡ ಬಾಬು ಸಾಬರು ಕಾರ್ಖಾನೆಯಲ್ಲಿ ಫಿಟ್ಟರ್, ಹೆಚ್ಚು ಮಾತಿಲ್ಲದ ಮನುಷ್ಯ. ಹುಟ್ಟಿದ ಮಕ್ಕಳು ಉಳಿದಿರಲಿಲ್ಲ. ಹೊಳಲೂರಿನಿಂದ ಕಡಸಾಗಿದ್ದಾಗ ನಡೆಸಿಕೊಂಡು ತಂದ ಗುಲಾಬಿಯೇ ಅವಳಿಗೆ ಎಲ್ಲ. ಕಂದು ಮೈ, ಮೂತಿಯ ಮೇಲೆ ಮಾತ್ರ ತಿಳಿ ಬಣ್ಣ. ಗುಲಾಬಿ ಮೊದಲ ಸಲ ಕರು ಹಾಕಿದ್ದಳು. ಕರು ಎಂಟು ದಿನ ಬದುಕಿ, ಭೇದಿಯಾಗಿ ಸತ್ತಿತ್ತು. ಹಾಲಿಗಾಗಿ ಸತ್ತ ಕರುವಿನ ಚರ್ಮಕ್ಕೆ ಹುಲ್ಲು ತುಂಬಿ ಎದುರಿಗೆ ನಿಲ್ಲಿಸುವ ಪದ್ಧತಿ ಇದೆಯಲ್ಲ, ಅದನ್ನು ಮಾಡಿಕೊಡುತ್ತೇನೆಂದು ಯಾರೋ ಬಂದಾಗ ಜೈನಾಬಿ ಅವನನ್ನು ಬೇಲಿಯಿಂದಲೇ ಕಳಿಸಿದ್ದಳಂತೆ. ಗುಲಾಬಿಗೆ ಮೋಸ ಮಾಡಿ ಹಾಲು ಕುಡಿಯುವಷ್ಟು ಗತಿಗೆಟ್ಟಿಲ್ಲ ಎಂದಳಂತೆ.

ನಾನು ಹೋದಾಗ ಗುಲಾಬಿ ಕೊಟ್ಟಿಗೆಯ ಬಾಗಿಲಲ್ಲಿ ನಿಂತಿದ್ದಳು. ಮುಂಗಾಲೆರಡೂ ಹೊಸ್ತಿಲ ಕಲ್ಲಿನ ಮೇಲೆ, ಹಿಂಗಾಲು ಕೆಳಗೆ. ಕುತ್ತಿಗೆ ಮುಂದೆ ಚಾಚಿ ರಸ್ತೆಯ ಕಡೆಗೇ ನೋಟ. ಎಡಗಡೆ ಹೊಟ್ಟೆ ಸ್ವಲ್ಪ ಉಬ್ಬಿತ್ತು. ಮೇವು ಬಾಯಿಗೆ ತೆಗೆದುಕೊಂಡು ಹಾಗೇ ಬಿಡುತ್ತಿದ್ದಳು.

"ಯಾವಾಗ್ಲೂ ಹಿಂಗೇ ನಿಲ್ತಾಳೆ ಡಾಕ್ಟ್ರೆ. ಮಲಗೋವಾಗ ನರಳ್ತಾಳೆ. ಕಾಲುವೆಗೆ ಇಳಿಯೋಕೆ ಒಲ್ಲೆ ಅಂತಾಳೆ, ಹತ್ತೋವಾಗ ಸುಮ್ಮನೆ ಹತ್ತಿಬಿಡ್ತಾಳೆ," ಎಂದಳು ಜೈನಾಬಿ.

ಅವಳು ಹೇಳಿದ್ದು ಇಷ್ಟು. ಮೊದಲ ದಿನವೇ ಹೇಳಿದಳು. ನಾನು ಕೇಳಿಸಿಕೊಂಡೆ, ಆದರೆ ಕಿವಿಗೆ ಹಾಕಿಕೊಳ್ಳಲಿಲ್ಲ. ಏಕೆಂದರೆ ನಾನಾಗಲೇ ಗುಲಾಬಿಯನ್ನು ಓದಿ ಮುಗಿಸಿದ್ದೆ. ಹೊಸ್ತಿಲ ಮೇಲೆ ಕಾಲಿಟ್ಟು ರಸ್ತೆ ನೋಡುತ್ತಿರುವುದು ಕರುವನ್ನು ಒಯ್ದ ದಾರಿ ಎಂದು, ನರಳುವುದು ಅದನ್ನೇ ನೆನೆದು ಎಂದು, ಮೇವು ಬಿಟ್ಟದ್ದು ದುಃಖದಿಂದ ಎಂದು. ಉಬ್ಬರಕ್ಕೆ ಎಣ್ಣೆ, ಟರ್ಪೆಂಟೈನ್ ಕುಡಿಸಿದೆ. ಕೈ ತೊಳೆದುಕೊಳ್ಳುತ್ತ ಜೈನಾಬಿಗೆ ಹೇಳಿದೆ, ಇದು ಮನಸ್ಸಿನ ನೋವು, ಮದ್ದಿಗೆ ಸಿಗುವುದಲ್ಲ. ಒಂಟಿಯಾಗಿ ಕಟ್ಟಬೇಡಿ. ಬೆಳಿಗ್ಗೆ ಸಂಜೆ ಕಾಲುವೆ ತನಕ ನಡೆಸಿ, ಬೇರೆ ದನಗಳ ಜೊತೆ ಬಿಡಿ. ಮನಸ್ಸು ಬೇರೆ ಕಡೆ ಹೋದರೆ ತಾನಾಗಿ ಸರಿಹೋಗುತ್ತಾಳೆ.

 ಬಹಳ ದಿನದ ಮೇಲೆ ಯಾರದೋ ಸಂಕಟ ನನಗೆ ಪೂರ್ತಿ ಅರ್ಥವಾಗಿದೆ ಎನಿಸಿ ಒಂದು ಬಗೆಯ ಸಮಾಧಾನವಾಯಿತು. ಜೈನಾಬಿ ನನ್ನ ಮುಖ ನೋಡಿದಳು. ಮಗು ಹೋದ ಸುದ್ದಿಯನ್ನು ರುದ್ರಪ್ಪ ಆಗಲೇ ಅವಳಿಗೆ ಹೇಳಿದ್ದನೆಂದು ಕಾಣುತ್ತದೆ. ಒಳಗೆ ಹೋಗಿ ಚಹಾ ತಂದುಕೊಟ್ಟು, ಆಗಲಿ ಎಂದಳು.

ಆ ಅಂಗಳ ಈಗಲೂ ಕಣ್ಣ ಮುಂದಿದೆ. ಭದ್ರಾವತಿಯ ಆ ಸಾಲುಮನೆಗಳಲ್ಲಿ ಹಗ್ಗ ಕಾಣುವುದೇ ಅಪರೂಪ. ಕಬ್ಬಿಣದ ಊರು. ಬೇಲಿಗೆ ತಂತಿ, ಬಕೆಟ್ಟಿನ ಹಿಡಿಗೆ ತಂತಿ, ಬಟ್ಟೆ ಒಣಹಾಕಲು ತಂತಿ. ಸಾಮಾನಿನ ಪೆಟ್ಟಿಗೆಗಳಿಗೆ ಕಟ್ಟಿ ಬಂದು ಬೀದಿ ಪಾಲಾದ ತೆಳು ತಂತಿಯನ್ನು ಗಂಡಸರು ಸುರುಳಿ ಸುತ್ತಿ ಮನೆಗೆ ತರುತ್ತಿದ್ದರು. ಹೆಂಗಸರು ಗೇಣುದ್ದಕ್ಕೆ ತುಂಡು ಮಾಡಿಟ್ಟುಕೊಂಡು ಕಾಲುವೆ ದಂಡೆಯಲ್ಲಿ ಕೊಯ್ದ ಹುಲ್ಲಿನ ಹಿಡಿಗಳನ್ನು ಅದರಲ್ಲೇ ಕಟ್ಟುತ್ತಿದ್ದರು. ಬಿಚ್ಚಿದ ತಂತಿಯನ್ನು ಕೊಟ್ಟಿಗೆಯ ಸೂರಿಗೆ ಸಿಕ್ಕಿಸಿಟ್ಟು ಮಾರನೆಯ ದಿನ ಮತ್ತೆ ಬಳಸುತ್ತಿದ್ದರು. ನನ್ನ ಸೊಳ್ಳೆ ಪರದೆಯೂ ಅದೇ ತಂತಿಯಲ್ಲಿ ತೂಗುತ್ತಿತ್ತು. ಹಾಗಾಗಿ ಅದು ನನ್ನ ಕಣ್ಣಿಗೆ ಬೀಳಲೇ ಇಲ್ಲ.

ಮುಂದಿನ ಭಾನುವಾರ ದುರ್ಗಿಗುಡಿಯ ಜಗಲಿಯಲ್ಲಿ ಅತ್ತೆ ಹಿಂದಿನ ವಾರದ ಮಾತುಗಳನ್ನೇ ಹೇಳಿದರು. ಈಗ ಜ್ವರವೂ ಸಣ್ಣಗೆ ಬಂದುಹೋಗುತ್ತಿದೆ ಎಂದರು. ಕೊರಗಿಗೆ ಮೈ ಬಿಸಿಯಾಗುವುದುಂಟು ಎಂದು ಸೂಲಗಿತ್ತಿ ಹೇಳಿದ್ದಳಂತೆ. ನಾನು ಗುಲಾಬಿಗೆ ಹೇಳಿದ್ದನ್ನೇ ಹೇಳಿದೆ, ಸ್ವಲ್ಪ ನಯವಾದ ಮಾತಿನಲ್ಲಿ. ಮಲಗಲು ಬಿಡಬೇಡಿ, ಏನಾದರೂ ಕೆಲಸ ಕೊಡಿ, ನೀರು ಸೇದಲಿ, ಹಿತ್ತಲಲ್ಲಿ ಓಡಾಡಲಿ, ಮನಸ್ಸು ಬೇರೆ ಕಡೆ ಹೋಗಲಿ. ಮಾವ ಪತ್ರಿಕೆ ಇಳಿಸಿ, ಓದಿದವರ ಮಾತು ಎಂಬಂತೆ ತಲೆದೂಗಿದರು. ಅಂದಿನಿಂದ ಶಾರದೆ ದಿನಾ ಬೆಳಿಗ್ಗೆ ಬಾವಿಯಿಂದ ನೀರು ಸೇದಿದಳು.

ಗುಲಾಬಿ ಒಂದು ದಿನ ಮೇವು ತಿಂದರೆ ಎರಡು ದಿನ ಬಿಡುವಳು. ಉಬ್ಬರ ಬಂದಾಗಲೆಲ್ಲ ಜೈನಾಬಿ ಹೇಳಿ ಕಳಿಸುವಳು. ನಾನು ಗೊಟ್ಟ ಹಿಡಿದು ಹೋಗುವೆ. ಎರಡನೆಯ ಸಲ ಅವಳು ಮತ್ತೆ ಇಳಿಜಾರಿನ ಮಾತು ತೆಗೆದಳು. ಮೂರನೆಯ ಸಲವೂ ತೆಗೆದಳು. ನೋವು ಮಾಯಲು ಕಾಲ ಬೇಕು ಎಂದೆ. ನಾಲ್ಕನೆಯ ಸಲ ಅವಳು ಏನೂ ಹೇಳಲಿಲ್ಲ, ಗುಲಾಬಿಯ ತಲೆ ಹಿಡಿದುಕೊಂಡು ಸುಮ್ಮನೆ ನಿಂತಳು. ನಾನು ಅದನ್ನು ಒಪ್ಪಿಗೆ ಎಂದುಕೊಂಡೆ.

ಶಿವರಾತ್ರಿಗೆ ಇನ್ನೂ ನಾಲ್ಕು ದಿನವಿತ್ತು. ಮಧ್ಯಾಹ್ನ ಕಾಗದನಗರದಲ್ಲಿ ಒಂದು ನಾಯಿ ನೋಡಿ ಕಾಲುವೆ ಏರಿಯ ಮೇಲೆ ಸೈಕಲ್ಲಿನಲ್ಲಿ ವಾಪಸು ಬರುತ್ತಿದ್ದೆ. ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ದೂರದಲ್ಲಿ ಜೈನಾಬಿ ಗುಲಾಬಿಯನ್ನು ನೀರಿಗೆ ಇಳಿಸುತ್ತಿದ್ದಳು, ನನ್ನ ಅಪ್ಪಣೆಯಂತೆ. ನಾನು ಸೈಕಲ್ ನಿಲ್ಲಿಸಿದೆ. ಅವರು ನನ್ನನ್ನು ನೋಡಿರಲಿಲ್ಲ.

ಗುಲಾಬಿ ಏರಿಯ ಅಂಚಿನಲ್ಲಿ ನಿಂತುಬಿಟ್ಟಿದ್ದಳು. ಜೈನಾಬಿ ಮುಂದಿನಿಂದ ಕರೆದಳು, ಕುತ್ತಿಗೆಯಡಿಯ ಗಂಗೆದೊಗಲು ಸವರಿದಳು, ಕೊನೆಗೆ ಹಿಂದೆ ಹೋಗಿ ಸೊಂಟಕ್ಕೆ ಕೈಕೊಟ್ಟು ತಳ್ಳಿದಳು. ಹಸು ನೇರವಾಗಿ ಇಳಿಯದೆ ಓರೆಯಾಗಿ, ಮುಂಗಾಲ ಮೊಣಕೈಗಳನ್ನು ಎದೆಯಿಂದ ಆಚೆಗೆ ಚಾಚಿ, ಒಂದೊಂದೇ ಹೆಜ್ಜೆ ಇಟ್ಟಿತು. ಹೆಜ್ಜೆಗೊಂದು ನರಳಿಕೆ. ಐವತ್ತು ಮಾರು ದೂರ ನಿಂತ ನನಗೂ ಅದು ಕೇಳಿತು. ಕೆಳಗೆ ನೀರು ಕುಡಿದು, ತಿರುಗಿ ಏರಿ ಹತ್ತುವಾಗ ಸದ್ದಿಲ್ಲ, ಸರಸರನೆ ಹತ್ತಿ ಬಂದಳು.

ದುಃಖಕ್ಕೆ ಏರು ತಗ್ಗು ಗೊತ್ತಾಗುವುದಿಲ್ಲ. ಇದು ನನಗೆ ಆಗ, ಆ ಬಿಸಿಲಿನಲ್ಲಿ ಹೊಳೆಯಿತು. ಕಬ್ಬಿಣ ನುಂಗಿದ ಹಸು ಇಳಿಜಾರು ಇಳಿಯುವುದಿಲ್ಲ, ಹೊಟ್ಟೆಯ ಭಾರವೆಲ್ಲ ಮುಂದಕ್ಕೆ ಜರುಗಿ ಮೊಳೆಯೋ ತಂತಿಯೋ ಎದೆಯ ಕಡೆ ಚುಚ್ಚುತ್ತದೆ ಎಂದು ಮೇಷ್ಟರು ಹೇಳಿದ್ದರು. ನಾನು ನೋಟ್ಸಿನಲ್ಲಿ ಅಡಿಗೆರೆ ಎಳೆದು, ಪರೀಕ್ಷೆಯಲ್ಲಿ ಬರೆದು, ಒಳ್ಳೆಯ ಮಾರ್ಕು ತೆಗೆದಿದ್ದೆ. ಮುಂಗಾಲು ಹೊಸ್ತಿಲ ಮೇಲಿಟ್ಟು ನಿಲ್ಲುತ್ತಿದ್ದದ್ದು ರಸ್ತೆ ನೋಡಲಿಕ್ಕಲ್ಲ, ಎದೆ ಮೇಲಾಗಿ ನೋವು ತಗ್ಗಲಿ ಎಂದು. ಈ ರೋಗಕ್ಕೆ ಪುಸ್ತಕದಲ್ಲಿರುವ ಮೊದಲ ಚಿಕಿತ್ಸೆಯೇ ಅದು, ಮುಂಭಾಗ ಎತ್ತರಿಸಿ ಅಲುಗಾಡದಂತೆ ನಿಲ್ಲಿಸುವುದು. ಗುಲಾಬಿ ತನ್ನ ಚಿಕಿತ್ಸೆ ತಾನೇ ಮಾಡಿಕೊಂಡಿದ್ದಳು. ಅವಳನ್ನು ಅಲ್ಲಿಂದ ಎಬ್ಬಿಸಿ ದಿನಕ್ಕೆರಡು ಸಲ ಇಳಿಜಾರು ಇಳಿಸಿದವನು ನಾನು.

ಹತ್ತಿರ ಹೋಗಿ ನೋಡಿದೆ. ಗಂಗೆದೊಗಲಿನಲ್ಲಿ ನೀರು ತುಂಬಿ ಊದಿಕೊಳ್ಳತೊಡಗಿತ್ತು. ಬೆರಳಿನಿಂದ ಒತ್ತಿದರೆ ಗುಳಿ ಹಾಗೇ ನಿಲ್ಲುತ್ತಿತ್ತು. ಹೃದಯಕ್ಕೆ ತಾಗಿದೆ ಎಂದು ಅರ್ಥ. ಬಹಳ ತಡವಾಗಿದೆ ಎಂದೂ ಅರ್ಥ. ಹೊಟ್ಟೆ ಕೊಯ್ದು ನೋಡಬೇಕು, ಉಳಿಯುವುದು ಖಾತ್ರಿಯಿಲ್ಲ ಎಂದು ಜೈನಾಬಿಗೆ ಹೇಳಿದೆ. ಕೊಯ್ಯದಿದ್ದರೆ ಎಂದು ಕೇಳಿದಳು. ಖಂಡಿತ ಉಳಿಯುವುದಿಲ್ಲ ಎಂದೆ. ಗಂಡನನ್ನು ಕೇಳಬೇಕು ಎನ್ನದೆ ಅವಳು ಕೊಯ್ಯಿರಿ ಎಂದಳು.

ಮಾರನೆಯ ಬೆಳಿಗ್ಗೆ ಅವರ ಅಂಗಳದಲ್ಲೇ ಗುಲಾಬಿಯನ್ನು ನಿಲ್ಲಿಸಿಕೊಂಡು ಎಡ ಪಕ್ಕೆಗೆ ಮರಗಟ್ಟಿಸುವ ಸೂಜಿ ಚುಚ್ಚಿದೆ. ಈ ಆಪರೇಷನ್ ಕಾಲೇಜಿನಲ್ಲಿ ಒಂದು ಸಲ ನೋಡಿದ್ದೆ, ಮಾಡಿರಲಿಲ್ಲ. ರುದ್ರಪ್ಪ ಬಿಸಿನೀರು, ಸೂಜಿ, ನೂಲು ಎತ್ತಿಕೊಡುತ್ತ ಅಂದು ಒಂದು ತಮಾಷೆಯನ್ನೂ ಆಡಲಿಲ್ಲ. ಜೈನಾಬಿ ಗುಲಾಬಿಯ ಮೂತಿಯನ್ನು ಹೆಗಲ ಮೇಲೆ ಇರಿಸಿಕೊಂಡು ಕಿವಿಯಲ್ಲಿ ತಮ್ಮ ಮಾತಿನಲ್ಲಿ ಏನೋ ಹೇಳುತ್ತಲೇ ಇದ್ದಳು. ದೊಡ್ಡ ಹೊಟ್ಟೆ ಬಿಚ್ಚಿ ಮೇವು ಹೊರತೆಗೆದು, ಭುಜದ ತನಕ ಕೈ ಇಳಿಸಿ, ಮುಂದಕ್ಕೆ, ಜೇನು ತಟ್ಟೆಯಂತೆ ಕೈಗೆ ಸಿಗುವ ಸಣ್ಣ ಹೊಟ್ಟೆಯ ಒಳಗೆ ತಡಕಾಡಿದೆ. ಕೆಳಮೂಲೆಯಲ್ಲಿ ಒಂದು ತುದಿ ಬೆರಳಿಗೆ ತಾಗಿತು. ಇನ್ನೊಂದು ತುದಿ ಗೋಡೆಯನ್ನು ದಾಟಿ ಹೋಗಿತ್ತು. ಹಿಡಿದಾಗ ಅದು ನನ್ನ ಬೆರಳುಗಳ ನಡುವೆ ಮಿಡಿಯುತ್ತಿತ್ತು, ಗುಲಾಬಿಯ ಎದೆ ಬಡಿದಂತೆಲ್ಲ. ಅರವತ್ತು ವರ್ಷವಾಯಿತು. ಆ ಮಿಡಿತ ನನ್ನ ಬಲಗೈಯಿಂದ ಹೋಗಿಲ್ಲ.

ಹೊಲಿಗೆ ಮುಗಿಸಿ, ಕೈ ತೊಳೆದು, ತಂತಿಯನ್ನು ಹಾಗೇ ಅಂಗಳದ ಕಲ್ಲಿನ ಮೇಲೆ ಇಟ್ಟಿದ್ದೆ. ಗೇಣುದ್ದ. ಕಪ್ಪಾಗಿತ್ತು. ಒಂದು ತುದಿ ಎರಡು ಸುತ್ತು ತಿರುಚಿ ಒಳಕ್ಕೆ ಮಡಿಸಿತ್ತು. ಜೈನಾಬಿ ಅದನ್ನು ಎತ್ತಿಕೊಂಡು ಬಹಳ ಹೊತ್ತು ನೋಡಿದಳು. ಆಮೇಲೆ ಸೂರಿಗೆ ಸಿಕ್ಕಿಸಿದ್ದ ತಂತಿಯೊಂದನ್ನು ಎಳೆದು ಪಕ್ಕದಲ್ಲಿ ಇಟ್ಟಳು. ಅದೇ ಎರಡು ಸುತ್ತು, ಅದೇ ಮಡಿಕೆ. ಬಿಚ್ಚುವಾಗ ಬೆರಳಿಗೆ ಚುಚ್ಚದಿರಲಿ ಎಂದು ಅವಳೇ ಕಂಡುಕೊಂಡ ಮಡಿಕೆ.

"ನನ್ನ ಕೈದೇ ಇದು," ಎಂದಳು.

 ತಂತಿ ನುಂಗಿದ್ದು ಆಕಸ್ಮಿಕ, ಮೂರು ವಾರ ಹಿಂದೆ ತೆಗೆದಿದ್ದರೆ ಹೃದಯಕ್ಕೆ ತಾಗುತ್ತಿರಲಿಲ್ಲ, ತಪ್ಪು ನನ್ನದು ಎಂದೆ. ನೀವು ಮೊದಲ ದಿನವೇ ಹೇಳಿದ್ದಿರಿ, ನಾನು ಕೇಳಲಿಲ್ಲ ಎಂದೂ ಹೇಳಿದೆ. ಬೈಯುತ್ತಾಳೆ ಎಂದುಕೊಂಡಿದ್ದೆ. ಬೈದಿದ್ದರೆ ಒಳ್ಳೆಯದಿತ್ತು.

"ನೀವು ಮನಸ್ಸಿನ ನೋವು ಅಂದ್ರಿ. ನಾನೂ ನಂಬ್ದೆ, ಡಾಕ್ಟ್ರೆ. ಮಕ್ಕಳು ಹೋದ ನೋವು ನಂಗೂ ಗೊತ್ತಲ್ಲ. ಮೈ ನೋವು ಅಂತ ಗೊತ್ತಿದ್ರೆ ನಾನು ಇವಳನ್ನ ದಿನಾ ತಳ್ಳಿ ತಳ್ಳಿ ಇಳಿಸ್ತಿದ್ನಾ?"

ಮನೆಗೆ ಬಂದು ಅಂಗಿ ಬಿಚ್ಚಿ ಹಾಕಿ ಕೂತೆ. ಮೈ ನೋವು ಅಂತ ಗೊತ್ತಿದ್ದರೆ. ಆ ಮಾತು ಬಿಡಲಿಲ್ಲ. ಗೋಡೆಗೆ ಮುಖ ಮಾಡಿ ಮುದುಡಿ ಮಲಗುವುದು, ಬಾಗಿ ನಡೆಯುವುದು, ಸಣ್ಣ ಜ್ವರ. ಅತ್ತೆ ವಾರವಾರವೂ ಹೇಳಿದ್ದರು. ನಾನು ಲೋಟ ಕೆಳಗಿಟ್ಟು ತಲೆಯಾಡಿಸಿದ್ದೆ. ಹೆಂಡತಿಯನ್ನು ಹಸುವಿಗೆ ಹೋಲಿಸಿದ ಎಂದು ಯಾರಾದರೂ ನಗುವುದಾದರೆ ನಗಲಿ. ನನಗೆ ಆಗ ಹೋಲಿಸಲು ಗೊತ್ತಿದ್ದದ್ದು ಅದೊಂದೇ. ನೀರು ಸೇದಲಿ ಎಂದಿದ್ದೆನಲ್ಲ ಎಂದು ನೆನಪಾಯಿತು. ಇದ್ದ ಅಂಗಿಯನ್ನೇ ಮತ್ತೆ ಹಾಕಿಕೊಂಡು ಸ್ಟೇಷನ್ನಿಗೆ ಓಡಿದೆ.

ಭಾನುವಾರವಲ್ಲದ ದಿನ ಅಳಿಯ ಬಂದದ್ದು ಕಂಡು ಮಾವ ಪತ್ರಿಕೆ ಮಡಿಸುವುದನ್ನೂ ಮರೆತರು. ನಾನು ಜಗಲಿಯಲ್ಲಿ ಕೂರದೆ ಒಳಗೆ ನಡೆದೆ. ಅತ್ತೆ ಅಡ್ಡ ಬಂದರು, ಮೈಲಿಗೆ ಎಂದರು, ನೋಡಿದವರು ಏನಂದಾರು ಎಂದರು, ನನ್ನ ಅಂಗಿಯ ವಾಸನೆಗೆ ಮೂಗು ಮುಚ್ಚಿಕೊಂಡರು. ನಾನು ಕ್ಷಮಿಸಿ ಎಂದು ಹೇಳಿ ಬಾಗಿಲು ತಳ್ಳಿದೆ.

ಕೋಣೆಯಲ್ಲಿ ಬೆಳಕು ಕಡಿಮೆ. ಶಾರದೆ ಗೋಡೆಗೆ ಮುಖ ಮಾಡಿ ಮಲಗಿದ್ದಳು. ಎಷ್ಟು ಸಣ್ಣವಳಾಗಿದ್ದಳೆಂದರೆ ಕಂಬಳಿಯ ಕೆಳಗೆ ಯಾರಾದರೂ ಇದ್ದಾರೋ ಎನ್ನಬೇಕು.  ನೆಲದ ಮೇಲೆ ಕೂತು ಮೊದಲು ಸುಮ್ಮನೆ ನೋಡಿದೆ, ಕೊಟ್ಟಿಗೆಯಲ್ಲಿ ಕೂತು ನೋಡಬೇಕಿದ್ದ ಹಾಗೆ. ಉಸಿರು ಚಿಕ್ಕದು, ಮೇಲೆ ಮೇಲೆ. ಬಲಗಾಲು ಮಡಿಸಿದ್ದು ಮಡಿಸಿದಂತೇ ಇತ್ತು. ಮಗ್ಗುಲು ಬದಲಿಸಲು ಹೋಗಿ ಅರ್ಧಕ್ಕೆ ನಿಂತು ಉಸಿರು ಬಿಗಿಹಿಡಿದಳು. ಒಂದು ಕೈ ಕಿಬ್ಬೊಟ್ಟೆಯನ್ನು ಬಿಟ್ಟು ಏಳಲೇ ಇಲ್ಲ. ಅಳು ಇರಲಿಲ್ಲ. ಕಣ್ಣು ಒಣಗಿದ್ದವು.

"ಶಾರದೆ, ಎಲ್ಲಿ ನೋಯ್ತಿದೆ?" ಎಂದು ಕೇಳಿದೆ.

ಅವಳು ತಿರುಗಿ ನನ್ನನ್ನು ನೋಡಿದಳು. ಮೂರು ತಿಂಗಳ ಮೇಲೆ ನೋಡಿದ್ದು. ನನ್ನ ಕೈಯನ್ನು ಎಳೆದುಕೊಂಡು ಕಿಬ್ಬೊಟ್ಟೆಯ ಬಲಕ್ಕೆ ಇಟ್ಟಳು. ಸೀರೆಯ ಮೇಲಿಂದಲೇ ಸುಡುತ್ತಿತ್ತು, ಗಟ್ಟಿಯಾಗಿತ್ತು.

"ಇಲ್ಲಿ. ಹೆರಿಗೆ ಆದ ವಾರದಿಂದ ಇಲ್ಲೇ. ಎಲ್ಲರೂ ಅತ್ತುಬಿಡು ಅತ್ತುಬಿಡು ಅಂದ್ರು. ಎಲ್ಲಿ ನೋಯ್ತಿದೆ ಅಂತ ಒಬ್ರೂ ಕೇಳ್ಲಿಲ್ಲ," ಎಂದಳು.

ಹೊರಗೆ ಜಟಕಾ ಇನ್ನೂ ನಿಂತಿತ್ತು. ಅವಳನ್ನು ಎತ್ತಿಕೊಂಡು ಬಂದು ಮಲಗಿಸಿ ದೊಡ್ಡ ಆಸ್ಪತ್ರೆಗೆ ಒಯ್ದೆವು. ಒಳಗೆ ಕೀವುಗಟ್ಟಿತ್ತು. ಇನ್ನೊಂದು ವಾರ ತಡವಾಗಿದ್ದರೆ ಎಂದು ಶುರು ಮಾಡಿದ ಲೇಡಿ ಡಾಕ್ಟರು ನನ್ನ ಮುಖ ನೋಡಿ ಮಾತು ನಿಲ್ಲಿಸಿದರು. ಹದಿನೆಂಟು ದಿನ ನಾನು ವಾರ್ಡಿನ ಹೊರಗಿನ ಬೆಂಚಿನ ಮೇಲಿದ್ದೆ. ಶಾರದೆ ಉಳಿದಳು. ನಮಗೆ ಮತ್ತೆ ಮಕ್ಕಳಾಗಲಿಲ್ಲ. ಆದರೆ ನಲವತ್ತೊಂದು ವರ್ಷ ನನ್ನ ಜೊತೆ ಊರೂರು ತಿರುಗಿದಳು, ಎಲ್ಲ ಊರಿನಲ್ಲೂ ನನ್ನ ಅಂಗಿಗಳನ್ನು ಬೈದುಕೊಂಡೇ ಒಗೆದಳು.

ಗುಲಾಬಿ ನಾನು ಶಿವಮೊಗ್ಗದಲ್ಲಿದ್ದಾಗಲೇ ಹೋದಳು. ಆಪರೇಷನ್ ಆದ ಒಂಬತ್ತನೆಯ ದಿನ. ಹೊಲಿಗೆ ಚೆನ್ನಾಗಿ ಕೂಡಿತ್ತು, ಎದೆ ಸೋತಿತು ಎಂದು ರುದ್ರಪ್ಪ ಬಂದು ಹೇಳಿದ್ದ.

ಭದ್ರಾವತಿಗೆ ಮರಳಿದ ಮೇಲೆ ಎರಡು ದಿನ ಧೈರ್ಯ ಸಾಲದೆ, ಮೂರನೆಯ ದಿನ ಜೈನಾಬಿಯ ಮನೆಗೆ ಹೋದೆ. ಕೊಟ್ಟಿಗೆ ಗುಡಿಸಿ ಸಾರಿಸಿತ್ತು. ಸೂರಿನಲ್ಲಿ ತಂತಿಗಳಿರಲಿಲ್ಲ. ಅವಳು ಎಂದಿನಂತೆ ಚಹಾ ತಂದುಕೊಟ್ಟು, ಮೊದಲು ಹೆಂಡತಿಯ ಸುದ್ದಿ ಕೇಳಿದಳು. ಎಲ್ಲ ಹೇಳಿದೆ. ಕೋಣೆಗೆ ನುಗ್ಗಿದ್ದು, ಕೇಳಿದ್ದು, ಅವಳು ನನ್ನ ಕೈ ಎಳೆದುಕೊಂಡು ತೋರಿಸಿದ್ದು. ಉಳಿದಳಲ್ಲ, ಅಷ್ಟು ಸಾಕು ಎಂದು ಜೈನಾಬಿ ಎರಡೂ ಕೈ ಎತ್ತಿ ಮುಖಕ್ಕೆ ಸವರಿಕೊಂಡಳು.

ಅವಳಿಗೆ ಸಮಾಧಾನ ಹೇಳಬೇಕಿತ್ತು. ಅದಕ್ಕಿಂತ ಹೆಚ್ಚಾಗಿ ನನಗೆ ನಾನು ಹೇಳಿಕೊಳ್ಳಬೇಕಿತ್ತು. ಹಾಗಾಗಿ ಹೇಳಿದೆ, ಹೆಂಡತಿಗೆ ಬಾಯಿತ್ತು, ಕೇಳಿದೆ, ಹೇಳಿದಳು, ಗುಲಾಬಿ ಪಾಪ ಮೂಕಪ್ರಾಣಿ, ಅವಳು ಹೇಗೆ ಹೇಳಿಯಾಳು ಎಂದು.

ಜೈನಾಬಿ ಖಾಲಿ ಕೊಟ್ಟಿಗೆಯ ಕಡೆ ನೋಡುತ್ತಿದ್ದಳು. ಸಿಟ್ಟಿರಲಿಲ್ಲ, ಧ್ವನಿಯನ್ನೂ ಏರಿಸಲಿಲ್ಲ.

"ಹಂಗನ್ಬೇಡಿ ಡಾಕ್ಟ್ರೆ. ಹೇಳಿದ್ಲು. ದಿನಾ ಹೇಳ್ತಿದ್ಲು."